ಸಂಜೆಯೊಳಗೆ ಬಂದ ನ್ಯಾಯ

1931ರ ಮೇ ತಿಂಗಳು. ಅಮೆರಿಕದ ಜಾರ್ಜಿಯಾ ರಾಜ್ಯದ ಎಲ್ಬರ್ಟನ್ ಎಂಬ ಸಣ್ಣ ಊರಿನ ಜೈಲಿನ ಮುಂದೆ ಜನ ಮುತ್ತಿಗೆ ಹಾಕಿದ್ದರು. ಒಳಗಿದ್ದವನು ಜಾನ್ ಡೌನರ್ ಎಂಬ ಕಪ್ಪು ಮನುಷ್ಯ. ಬಿಳಿಯ ಹೆಂಗಸೊಬ್ಬಳ ಮೇಲೆ ಅತ್ಯಾಚಾರ ಮಾಡಿದನೆಂಬ ಆರೋಪ ಅವನ ಮೇಲಿತ್ತು. ಆ ಕಾಲದ ಅಮೆರಿಕದ ದಕ್ಷಿಣದಲ್ಲಿ ಇಂಥ ಆರೋಪ ಹೊತ್ತ ಕಪ್ಪು ಮನುಷ್ಯನ ಪಾಲಿಗೆ ಎಷ್ಟೋ ಸಲ ಕೋರ್ಟೂ ಇಲ್ಲ, ಕಚೇರಿಯೂ ಇಲ್ಲ. ಗುಂಪು ಜೈಲು ಒಡೆಯುತ್ತಿತ್ತು, ಎಳೆದು ತರುತ್ತಿತ್ತು, ಮರಕ್ಕೆ ನೇತುಹಾಕುತ್ತಿತ್ತು. ಈ ಸಲ ಹಾಗಾಗದಿರಲಿ ಎಂದು ನ್ಯಾಷನಲ್ ಗಾರ್ಡ್ ಪಡೆಯನ್ನು ಕರೆಸಿದ್ದರು. ಅಟ್ಲಾಂಟಾದಿಂದ ಬಂದ ಅಧಿಕಾರಿಗಳಲ್ಲಿ 33 ವರ್ಷದ ಒಬ್ಬ ವಕೀಲರಿದ್ದರು. ಹೆಸರು ಎಲ್ಬರ್ಟ್ ಪಾರ್ ಟಟಲ್. ಗುಂಪಿನ ಕಣ್ಣು ತಪ್ಪಿಸಲು ಡೌನರ್‌ಗೆ ಗಾರ್ಡ್ ಸೈನಿಕನ ಸಮವಸ್ತ್ರವನ್ನೇ ತೊಡಿಸಿ ಹೊರಗೆ ಸಾಗಿಸಲಾಯಿತು. ಜೀವ ಉಳಿಯಿತು.

ಉಳಿದದ್ದು ಸ್ವಲ್ಪ ಕಾಲ ಮಾತ್ರ. ಕೆಲವೇ ದಿನಗಳಲ್ಲಿ ಅದೇ ಊರಿನಲ್ಲಿ, ಸೈನಿಕರ ಕಾವಲಿನಲ್ಲಿ ವಿಚಾರಣೆ ಶುರುವಾಗಿ ಒಂದೇ ದಿನದಲ್ಲಿ ಮುಗಿಯಿತು. ಡೌನರ್‌ಗೆ ನೇಮಿಸಿಕೊಟ್ಟ ವಕೀಲರಿಗೆ ಸಿದ್ಧತೆಗೆ ಸಮಯವೇ ಇರಲಿಲ್ಲ. ಜ್ಯೂರಿ ಕೆಲವೇ ನಿಮಿಷಗಳಲ್ಲಿ ಅಪರಾಧಿ ಎಂದಿತು, ಮರಣದಂಡನೆ ಆಯಿತು. ಮರುವಿಚಾರಣೆ ಕೇಳುವುದಕ್ಕೂ ವಕೀಲರು ಹೆದರಿದರು. ಗುಂಪು ಮಾಡಬೇಕೆಂದಿದ್ದ ಕೆಲಸವನ್ನು ಕೋರ್ಟು ತನ್ನ ಮುದ್ರೆ ಒತ್ತಿ ಮಾಡಿಕೊಟ್ಟಂತಾಯಿತು.

ಟಟಲ್ ಅಷ್ಟಕ್ಕೆ ಕೈತೊಳೆದುಕೊಳ್ಳಲಿಲ್ಲ. ತಮ್ಮ ಪಾಲುದಾರ ವಿಲಿಯಂ ಸದರ್‌ಲ್ಯಾಂಡ್ ಮತ್ತು ಅಟ್ಲಾಂಟಾದ ಕಪ್ಪು ವಕೀಲ ಎ. ಟಿ. ವಾಲ್ಡನ್ ಜೊತೆ ಸೇರಿ ಫೆಡರಲ್ ಕೋರ್ಟಿನಲ್ಲಿ, ಬಂಧನ ಕಾನೂನುಬದ್ಧವೇ ಎಂದು ಪ್ರಶ್ನಿಸುವ ಹೇಬಿಯಸ್ ಕಾರ್ಪಸ್ ಅರ್ಜಿಯ ಹೋರಾಟಕ್ಕೆ ಇಳಿದರು. ಬಿಳಿಯ ತೆರಿಗೆ ವಕೀಲರೊಬ್ಬರು, ವ್ಯಾಪಾರಸ್ಥರ ಕೇಸುಗಳನ್ನು ನಂಬಿ ಬದುಕುವವರು, ಆ ಊರಿನಲ್ಲಿ ಇಂಥ ಕೇಸು ಹಿಡಿಯುವುದೆಂದರೆ ಕಕ್ಷಿದಾರರನ್ನು ಕಳೆದುಕೊಳ್ಳಲು ತಯಾರಾಗಿಯೇ ಹಿಡಿಯಬೇಕು. ಫಿಫ್ತ್ ಸರ್ಕ್ಯೂಟ್ ಎಂಬ ಮೇಲ್ಮನವಿ ನ್ಯಾಯಾಲಯ ಅವರ ವಾದವನ್ನು ಒಪ್ಪಿತು: ಗುಂಪಿನ ಭಯದ ನೆರಳಿನಲ್ಲಿ ನಡೆದದ್ದು ವಿಚಾರಣೆಯೇ ಅಲ್ಲ. ಡೌನರ್‌ಗೆ ಹೊಸ ವಿಚಾರಣೆ ಸಿಕ್ಕಿತು. ಎರಡನೇ ಸಲವೂ ಜ್ಯೂರಿ ಅಪರಾಧಿ ಎಂದಿತು. 1934ರಲ್ಲಿ ಅವನನ್ನು ಕೊಂದರು.

ಟಟಲ್ ಅವರ ಬದುಕನ್ನು ಓದುವಾಗ ನಾನು ಈ ಪ್ರಕರಣದ ಹತ್ತಿರ ಮತ್ತೆ ಮತ್ತೆ ನಿಲ್ಲುತ್ತೇನೆ. ಕೋರ್ಟಿನ ಅವಸರ ಮನುಷ್ಯನೊಬ್ಬನನ್ನು ಹೇಗೆ ಕೊಲ್ಲುತ್ತದೆ ಎಂಬುದನ್ನು ಅವರು ಇಲ್ಲಿ ಕಣ್ಣಾರೆ ಕಂಡರು. ಮೂವತ್ತು ವರ್ಷಗಳ ಮೇಲೆ ಅದೇ ಫಿಫ್ತ್ ಸರ್ಕ್ಯೂಟಿನ ಮುಖ್ಯ ನ್ಯಾಯಾಧೀಶರಾಗಿ ಕುಳಿತಾಗ ಅವರ ಎದುರಿಗಿದ್ದದ್ದು ತದ್ವಿರುದ್ಧವಾದ ಅಸ್ತ್ರ, ವಿಳಂಬ. ಅವಸರ ಮತ್ತು ವಿಳಂಬ ಎರಡೂ ಒಂದೇ ಕೈಯ ಕೆಲಸ ಎಂದು ಗುರುತಿಸಬಲ್ಲ ಅನುಭವ ಅವರಲ್ಲಿತ್ತು.

ಅವರು ದಕ್ಷಿಣದಲ್ಲಿ ಹುಟ್ಟಿದವರಲ್ಲ. 1897ರ ಜುಲೈ 17ರಂದು ಕ್ಯಾಲಿಫೋರ್ನಿಯಾದ ಪ್ಯಾಸಡೀನಾದಲ್ಲಿ ಹುಟ್ಟಿ, ಹವಾಯಿಯಲ್ಲಿ ಬೆಳೆದರು. ತಂದೆ ಅಲ್ಲಿನ ಕಬ್ಬು ಬೆಳೆಗಾರರ ಸಂಘದಲ್ಲಿ ಲೆಕ್ಕಪತ್ರದ ಕೆಲಸ ಮಾಡುತ್ತಿದ್ದರು. ಹೊನೊಲುಲುವಿನ ಪುನಾಹೌ ಶಾಲೆಯಲ್ಲಿ ಓದು. ಜಪಾನಿ, ಚೀನಿ, ಹವಾಯಿ ಮೂಲದ ಮಕ್ಕಳ ನಡುವೆ ಬೆಳೆದ ಹುಡುಗನಿಗೆ ಬಣ್ಣ ನೋಡಿ ದೂರ ನಿಲ್ಲುವ ಅಭ್ಯಾಸವೇ ಆಗಿರಲಿಲ್ಲ. 1910ರಲ್ಲಿ ಅಣ್ಣ ಮಾಲ್ಕಮ್ ಜೊತೆ ಸೇರಿ ಕೈಯಾರೆ ಗ್ಲೈಡರ್ ಕಟ್ಟಿ ಹಾರಿಸಿದ ಸಾಹಸಿ ಹುಡುಗ ಆತ. ಮುಂದೆ ನ್ಯೂಯಾರ್ಕ್ ರಾಜ್ಯದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಪದವಿ, 1923ರಲ್ಲಿ ಕಾನೂನು ಪದವಿ. ಹೆಂಡತಿ ಸಾರಾ ದಕ್ಷಿಣದವರು. ಅವರ ಅಣ್ಣನೇ ವಿಲಿಯಂ ಸದರ್‌ಲ್ಯಾಂಡ್. ಭಾವ ಭಾಮೈದ ಇಬ್ಬರೂ ಸೇರಿ ಅಟ್ಲಾಂಟಾದಲ್ಲಿ ಕಚೇರಿ ತೆರೆದರು. ತೆರಿಗೆ ಕಾನೂನಿನಲ್ಲಿ ಆ ಕಚೇರಿ ಬೇಗ ಹೆಸರು ಮಾಡಿತು.

ಹೊಟ್ಟೆಪಾಡಿನ ಕೇಸುಗಳ ನಡುವೆ ಸಂಭಾವನೆ ಇಲ್ಲದ ಕೇಸುಗಳೂ ಬರುತ್ತಿದ್ದವು. ಅವುಗಳಲ್ಲಿ ಒಂದು ಅಮೆರಿಕದ ಕಾನೂನು ವಿದ್ಯಾರ್ಥಿಗಳೆಲ್ಲ ಓದುವ ಜಾನ್ಸನ್ ವಿರುದ್ಧ ಝರ್ಬ್ಸ್ಟ್. ಇಪ್ಪತ್ತು ಡಾಲರಿನ ಖೋಟಾ ನೋಟು ಚಲಾಯಿಸಿದರೆಂದು ಇಬ್ಬರು ನೌಕಾಸೈನಿಕರನ್ನು ವಕೀಲರೇ ಇಲ್ಲದೆ ವಿಚಾರಿಸಿ ಅಟ್ಲಾಂಟಾದ ಫೆಡರಲ್ ಸೆರೆಮನೆಗೆ ಕಳಿಸಿದ್ದರು. ಅವರಲ್ಲೊಬ್ಬನ ಪರವಾಗಿ ಟಟಲ್ ಸುಪ್ರೀಂ ಕೋರ್ಟಿನಲ್ಲಿ ವಾದಿಸಿದರು. 1938ರ ಮೇ ತಿಂಗಳಲ್ಲಿ ತೀರ್ಪು ಬಂತು: ಫೆಡರಲ್ ಕ್ರಿಮಿನಲ್ ಮೊಕದ್ದಮೆಯಲ್ಲಿ ಆರೋಪಿಗೆ ವಕೀಲರಿರಲೇಬೇಕು, ದುಡ್ಡಿಲ್ಲದವನಿಗೆ ಕೋರ್ಟೇ ಕೊಡಬೇಕು.

ಎರಡನೇ ಮಹಾಯುದ್ಧ ಬಂದಾಗ ಟಟಲ್ ನಲವತ್ತು ದಾಟಿದ್ದರು. ಮನೆಯಲ್ಲಿ ಕೂರಬಹುದಿತ್ತು, ಕೂರಲಿಲ್ಲ. 77ನೇ ಕಾಲ್ದಳ ವಿಭಾಗದ ಫಿರಂಗಿ ದಳವೊಂದರ ನಾಯಕರಾಗಿ ಗುವಾಮ್, ಲೇಟೆ ದ್ವೀಪಗಳಲ್ಲಿ ಕಾದಾಡಿ, 1945ರ ಏಪ್ರಿಲಿನಲ್ಲಿ ಓಕಿನಾವಾ ಪಕ್ಕದ ಇಎ ಶಿಮಾ ದ್ವೀಪದಲ್ಲಿ ಕೈಕೈ ಮಿಲಾಯಿಸುವ ಹೋರಾಟದಲ್ಲಿ ಗಾಯಗೊಂಡರು. ಮುಂದೆ ದಕ್ಷಿಣದ ರಾಜಕಾರಣಿಗಳು ಬೆದರಿಸಲು ಬಂದಾಗ ಎದುರಿಗಿದ್ದದ್ದು ಈ ಸೈನಿಕ ಎಂಬುದನ್ನು ನೆನಪಿಡಬೇಕು.

ಆಗಿನ ಜಾರ್ಜಿಯಾದಲ್ಲಿ ಡೆಮಾಕ್ರಟಿಕ್ ಪಕ್ಷವೆಂದರೆ ಬಿಳಿಯರ ಆಳ್ವಿಕೆಯ ಪಕ್ಷ. ಕಪ್ಪು ಜನರನ್ನು ಮತಪೆಟ್ಟಿಗೆಯ ಹತ್ತಿರ ಸುಳಿಯಗೊಡದ ಆ ಪಕ್ಷ ಟಟಲ್‌ಗೆ ಒಗ್ಗಲಿಲ್ಲ. ಲಿಂಕನ್ನನ ಪಕ್ಷ ಎಂದು ದಕ್ಷಿಣದಲ್ಲಿ ಯಾರೂ ಮೂಸದ ರಿಪಬ್ಲಿಕನ್ ಪಕ್ಷವನ್ನು ಕಟ್ಟಲು ನಿಂತರು. ಆ ಪುಟ್ಟ ಪಕ್ಷದಲ್ಲಿ ಕಪ್ಪು ಜನರೂ ಬಿಳಿಯರೂ ಒಟ್ಟಿಗೆ ಕೂತು ಕೆಲಸ ಮಾಡುತ್ತಿದ್ದರು. 1952ರಲ್ಲಿ ಷಿಕಾಗೋದಲ್ಲಿ ನಡೆದ ಪಕ್ಷದ ಮಹಾಧಿವೇಶನದಲ್ಲಿ ಜಾರ್ಜಿಯಾದಿಂದ ಎರಡು ಬಣಗಳು ಬಂದಿದ್ದವು. ಯಾವ ಬಣಕ್ಕೆ ಕುರ್ಚಿ ಎಂಬುದು ಅಧ್ಯಕ್ಷ ಅಭ್ಯರ್ಥಿ ಯಾರು ಎಂಬುದನ್ನೇ ನಿರ್ಧರಿಸುವಂತಿತ್ತು. 607ಕ್ಕೆ 531 ಮತಗಳಿಂದ ಟಟಲ್ ಅವರ ಬಣ ಗೆದ್ದಿತು, ಐಸೆನ್‌ಹೋವರ್ ಅಭ್ಯರ್ಥಿಯಾಗಿ ಮುಂದೆ ಅಧ್ಯಕ್ಷರೂ ಆದರು. ಟಟಲ್ ಖಜಾನೆ ಇಲಾಖೆಯ ಮುಖ್ಯ ಕಾನೂನು ಅಧಿಕಾರಿಯಾಗಿ ವಾಷಿಂಗ್ಟನ್ನಿಗೆ ಹೋದರು. 1954ರ ಆಗಸ್ಟಿನಲ್ಲಿ ಫಿಫ್ತ್ ಸರ್ಕ್ಯೂಟಿನ ನ್ಯಾಯಾಧೀಶರಾಗಿ ಸೆನೆಟ್ ಅವರನ್ನು ಒಪ್ಪಿತು.

ಆ ನೇಮಕಕ್ಕೆ ಮೂರು ತಿಂಗಳೂ ತುಂಬದ ಹಿಂದೆ, ಮೇ 17ರಂದು, ಸುಪ್ರೀಂ ಕೋರ್ಟು ಬ್ರೌನ್ ಪ್ರಕರಣದಲ್ಲಿ ಬಣ್ಣದ ಆಧಾರದ ಮೇಲೆ ಶಾಲೆಗಳನ್ನು ಬೇರ್ಪಡಿಸುವುದು ಸಂವಿಧಾನಬಾಹಿರ ಎಂದು ಒಮ್ಮತದಿಂದ ಹೇಳಿತ್ತು. ಮಾತು ದೊಡ್ಡದು, ಜಾರಿ ಮಾಡುವವರು ಯಾರು? 1955ರ ಎರಡನೇ ತೀರ್ಪಿನಲ್ಲಿ ಅದೇ ಕೋರ್ಟು ಗಡುವು ಕೊಡಲಿಲ್ಲ. ವಿವೇಚನೆಯಿಂದ, ಆದರೆ ಸಾಧ್ಯವಾದಷ್ಟು ಬೇಗ ಮಾಡಿ ಎಂಬರ್ಥದ ಮಾತು ಹೇಳಿ ಹೊಣೆಯನ್ನು ಕೆಳಗಿನ ಕೋರ್ಟುಗಳಿಗೆ ಬಿಟ್ಟಿತು. ವಿವೇಚನೆ ಎಂಬ ಮೊದಲ ಭಾಗ ದಕ್ಷಿಣದ ಆಡಳಿತಗಾರರಿಗೆ ಚೆನ್ನಾಗಿ ಕೇಳಿಸಿತು. ಬೇಗ ಎಂಬುದು ಕೇಳಿಸಲಿಲ್ಲ.

ಅಮೆರಿಕದ ಫೆಡರಲ್ ನ್ಯಾಯಾಂಗದಲ್ಲಿ ಮೂರು ಮೆಟ್ಟಿಲು. ಕೆಳಗೆ ವಿಚಾರಣೆ ನಡೆಸುವ ಜಿಲ್ಲಾ ಕೋರ್ಟು, ನಡುವೆ ಹಲವು ರಾಜ್ಯಗಳಿಗೆ ಸೇರಿದ ಮೇಲ್ಮನವಿ ಕೋರ್ಟು, ತುದಿಯಲ್ಲಿ ಸುಪ್ರೀಂ ಕೋರ್ಟು. ಆಗ ಫಿಫ್ತ್ ಸರ್ಕ್ಯೂಟಿನ ವ್ಯಾಪ್ತಿ ಟೆಕ್ಸಾಸ್, ಲೂಸಿಯಾನ, ಮಿಸಿಸಿಪ್ಪಿ, ಅಲಬಾಮಾ, ಜಾರ್ಜಿಯಾ, ಫ್ಲಾರಿಡಾ. ಗುಲಾಮಗಿರಿಗಾಗಿ ದೇಶ ಒಡೆಯಲು ಹೊರಟಿದ್ದ ರಾಜ್ಯಗಳಲ್ಲಿ ಹೆಚ್ಚಿನ ಪಾಲು ಇಲ್ಲಿಯೇ. ಕೆಳಗಿನ ಜಿಲ್ಲಾ ನ್ಯಾಯಾಧೀಶರಲ್ಲಿ ಅನೇಕರು ಆಯಾ ಊರಿನ ಕ್ಲಬ್ಬು, ಚರ್ಚು, ಬಂಧುಬಳಗದ ನಡುವೆ ಬೆಳೆದವರು. ಬ್ರೌನ್ ತೀರ್ಪನ್ನು ಧಿಕ್ಕರಿಸುತ್ತೇವೆ ಎಂದು ಅವರು ಹೇಳಬೇಕಾಗಿಯೇ ಇರಲಿಲ್ಲ. ವಾಯಿದೆ ಮೇಲೆ ವಾಯಿದೆ ಕೊಟ್ಟರೆ ಸಾಕು. ಗೆದ್ದವರ ಆದೇಶಕ್ಕೆ ಮೇಲ್ಮನವಿ ಮುಗಿಯುವ ತನಕ ತಡೆಯಾಜ್ಞೆ ಕೊಟ್ಟರೆ ಸಾಕು. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎನ್ನುತ್ತದೆ ನಮ್ಮ ಗಾದೆ. ಶಾಲೆಗೆ ಸೇರಬೇಕೆಂದು ಕೋರ್ಟಿಗೆ ಹೋದ ಹುಡುಗಿಯ ಮಟ್ಟಿಗೆ ಇದು ಅಕ್ಷರಶಃ ನಿಜ. ಕೇಸು ಗೆಲ್ಲುವ ಹೊತ್ತಿಗೆ ಓದುವ ವಯಸ್ಸೇ ಮುಗಿದಿರುತ್ತದೆ.

ಟಟಲ್ 1960ರ ಡಿಸೆಂಬರಿನಲ್ಲಿ ಮುಖ್ಯ ನ್ಯಾಯಾಧೀಶರಾದರು. ಪರೀಕ್ಷೆ ಬರಲು ತಡವಾಗಲಿಲ್ಲ.

ಹ್ಯಾಮಿಲ್ಟನ್ ಹೋಮ್ಸ್ ಮತ್ತು ಶಾರ್ಲೇನ್ ಹಂಟರ್ ಅಟ್ಲಾಂಟಾದ ಪ್ರತಿಭಾವಂತ ಕಪ್ಪು ವಿದ್ಯಾರ್ಥಿಗಳು. 1959ರಿಂದ ಜಾರ್ಜಿಯಾ ವಿಶ್ವವಿದ್ಯಾಲಯದ ಬಾಗಿಲು ತಟ್ಟುತ್ತಿದ್ದರು. ಹಾಸ್ಟೆಲಿನಲ್ಲಿ ಜಾಗವಿಲ್ಲ, ಸಂದರ್ಶನದಲ್ಲಿ ತೃಪ್ತಿಯಾಗಲಿಲ್ಲ ಎಂದು ನೆವ ಹೇಳಿ ವಿಶ್ವವಿದ್ಯಾಲಯ ದಿನ ದೂಡುತ್ತಿತ್ತು. ಅಷ್ಟರಲ್ಲಿ ಹೋಮ್ಸ್ ಅಟ್ಲಾಂಟಾದ ಮೋರ್‌ಹೌಸ್ ಕಾಲೇಜಿಗೂ ಹಂಟರ್ ದೂರದ ಡೆಟ್ರಾಯಿಟ್‌ಗೂ ಹೋಗಿ ಓದತೊಡಗಿದ್ದರು. ಇವರ ಪರ ವಾದಿಸಿದವರು ಕಾನ್‌ಸ್ಟನ್ಸ್ ಬೇಕರ್ ಮಾಟ್ಲಿ ಮತ್ತು ಡಾನಲ್ಡ್ ಹಾಲೊವೆಲ್. 1961ರ ಜನವರಿ 6ರಂದು ಮೇಕನ್ ನಗರದ ಫೆಡರಲ್ ನ್ಯಾಯಾಧೀಶ ಬೂಟಲ್ ಇಬ್ಬರನ್ನೂ ತಕ್ಷಣ ಸೇರಿಸಿಕೊಳ್ಳಿ ಎಂದು ಆದೇಶಿಸಿದರು. ಮೂರನೇ ದಿನ ಸೋಮವಾರ, ಇಬ್ಬರೂ ದಾಖಲಾಗಲು ಕ್ಯಾಂಪಸ್ಸಿಗೆ ಬಂದ ದಿನವೇ, ರಾಜ್ಯ ಸರ್ಕಾರದ ಕೋರಿಕೆಯ ಮೇಲೆ ಅದೇ ನ್ಯಾಯಾಧೀಶರು ತಮ್ಮ ಆದೇಶಕ್ಕೆ ತಾವೇ ತಡೆಯಾಜ್ಞೆ ಕೊಟ್ಟರು. ಬೂಟಲ್ ಕೆಟ್ಟ ಮನುಷ್ಯರಲ್ಲ. ಸರ್ಕಾರಕ್ಕೆ ಮೇಲ್ಮನವಿಗೆ ಅವಕಾಶ ಕೊಡುವುದು ನ್ಯಾಯಯುತ ಎಂದು ಅವರಿಗೆ ತೋರಿತ್ತು. ಆದರೆ ತಡೆಯಾಜ್ಞೆ ನಿಂತಿದ್ದರೆ ಆ ಅವಧಿ ಕೈಬಿಟ್ಟುಹೋಗುತ್ತಿತ್ತು. ಮುಂದಿನ ಅವಧಿಗೆ ಮತ್ತೊಂದು ನೆವ ತಯಾರಿರುತ್ತಿತ್ತು.

ಮಾಟ್ಲಿ ಮತ್ತು ಹಾಲೊವೆಲ್ ಸುಮಾರು 130 ಕಿಲೋಮೀಟರ್ ದೂರದ ಅಟ್ಲಾಂಟಾಕ್ಕೆ ಧಾವಿಸಿದರು. ಟಟಲ್ ಅಂದೇ ಮಧ್ಯಾಹ್ನ ಎರಡೂ ಕಡೆಯವರ ವಾದ ಕೇಳಿ, ಅಂದೇ ತಡೆಯಾಜ್ಞೆಯನ್ನು ತೆಗೆದುಹಾಕಿದರು. ಮೂವರು ನ್ಯಾಯಾಧೀಶರ ಪೀಠ ಸೇರಲೆಂದು ಕಾಯಲಿಲ್ಲ, ಒಬ್ಬರೇ ಕೂತು ಆದೇಶ ಹೊರಡಿಸಿದರು. ಅವರ ತರ್ಕ ಸರಳವಾಗಿತ್ತು: ಸರ್ಕಾರ ಮೇಲ್ಮನವಿಯಲ್ಲಿ ಗೆಲ್ಲುವ ಸಂಭವ ಇಲ್ಲವೇ ಇಲ್ಲ ಎನ್ನುವಷ್ಟು ಕಡಿಮೆ, ಹಾಗಿದ್ದಮೇಲೆ ವಿದ್ಯಾರ್ಥಿಗಳ ಸಮಯವನ್ನು ಏಕೆ ಕಸಿಯಬೇಕು? ರಾಜ್ಯದ ವಕೀಲರು ಸುಪ್ರೀಂ ಕೋರ್ಟಿಗೆ ಓಡಿದರು. ಮರುದಿನವೇ ಅಲ್ಲಿ ಬಾಗಿಲು ಮುಚ್ಚಿತು. ಇಬ್ಬರೂ ದಾಖಲಾದರು.

ಕಥೆ ಅಲ್ಲಿಗೆ ಸುಖಾಂತವಾಗಲಿಲ್ಲ. ಜನವರಿ 11ರ ರಾತ್ರಿ ಹಂಟರ್ ಇದ್ದ ಹಾಸ್ಟೆಲಿನ ಮುಂದೆ ಗುಂಪು ಸೇರಿತು, ಇಟ್ಟಿಗೆಗಳು ಕಿಟಕಿ ಒಡೆದು ಒಳಗೆ ಬಿದ್ದವು, ಪೊಲೀಸರು ಅಶ್ರುವಾಯು ಹಾರಿಸಿದರು. ಕಲ್ಲೆಸೆದವರನ್ನು ಹಿಡಿಯುವ ಬದಲು ವಿಶ್ವವಿದ್ಯಾಲಯ ಇವರ ಸುರಕ್ಷತೆಯ ಹೆಸರಿನಲ್ಲಿ ಇವರಿಬ್ಬರನ್ನೇ ಅಮಾನತು ಮಾಡಿತು. ಈ ಸಲ ಬೂಟಲ್ ಗಟ್ಟಿಯಾಗಿ ನಿಂತರು. ಕೆಲವೇ ದಿನಗಳಲ್ಲಿ ಇಬ್ಬರೂ ತರಗತಿಗೆ ಮರಳಿದರು.

ಸಮಯವನ್ನೇ ಅಸ್ತ್ರ ಮಾಡಿಕೊಂಡವರು ಶಾಲೆಗಳ ಸುತ್ತ ಮಾತ್ರ ಇರಲಿಲ್ಲ. ಮಿಸಿಸಿಪ್ಪಿಯ ಫಾರೆಸ್ಟ್ ಕೌಂಟಿಯಲ್ಲಿ ಮತದಾನದ ವಯಸ್ಸಿನ ಕಪ್ಪು ಜನ ಸುಮಾರು 7,500. ಮತದಾರರ ಪಟ್ಟಿಯಲ್ಲಿದ್ದವರು ಹನ್ನೆರಡು ಮಂದಿ. ನೋಂದಣಿ ಮಾಡಿಸಬೇಕಾದರೆ ರಾಜ್ಯ ಸಂವಿಧಾನದ 285 ವಿಧಿಗಳಲ್ಲಿ ಅಧಿಕಾರಿ ತೋರಿಸಿದ ಒಂದನ್ನು ಬರೆದು ಅರ್ಥ ವಿವರಿಸಬೇಕು. ಯಾವ ವಿಧಿ, ಉತ್ತರ ಸರಿಯೋ ತಪ್ಪೋ, ಎಲ್ಲವೂ ಅಧಿಕಾರಿ ಥೆರನ್ ಲಿಂಡ್ ಇಚ್ಛೆ. ಸ್ನಾತಕೋತ್ತರ ಪದವಿ ಪಡೆದ ಕಪ್ಪು ಶಿಕ್ಷಕರು ಇಲ್ಲಿ ಅನುತ್ತೀರ್ಣರು, ಅಲ್ಪಸ್ವಲ್ಪ ಓದಿದ ಬಿಳಿಯರು ಉತ್ತೀರ್ಣರು. ಕೇಂದ್ರ ಸರ್ಕಾರ 1961ರಲ್ಲಿ ದಾವೆ ಹೂಡಿತು. ಅಲ್ಲಿನ ನ್ಯಾಯಾಧೀಶ ಹೆರಾಲ್ಡ್ ಕಾಕ್ಸ್ ಸರ್ಕಾರದ ಸಾಕ್ಷ್ಯ ಕೇಳಿದರು, ಆದರೆ ಹೌದು ಎನ್ನಲಿಲ್ಲ, ಇಲ್ಲ ಎನ್ನಲಿಲ್ಲ. ಲಿಂಡ್ ಪಾಲಿಗೆ ಸಮಯ ಕೊಟ್ಟು ಸುಮ್ಮನಾದರು. ಇಲ್ಲ ಎಂದಿದ್ದರೆ ಮೇಲ್ಮನವಿ ಹಾಕಬಹುದಿತ್ತು. ಏನೂ ಹೇಳದವರ ಮೇಲೆ ಮೇಲ್ಮನವಿ ಹೇಗೆ?

1962ರ ಏಪ್ರಿಲಿನಲ್ಲಿ ಟಟಲ್ ಬರೆದ ಆದೇಶ ಈ ಗಂಟನ್ನು ಬಿಡಿಸಿತು. ತೀರ್ಮಾನ ಕೊಡಬೇಕಾದಾಗ ಕೊಡದೆ ಇರುವುದೂ ನಿರಾಕರಣೆಯೇ. ಹಾಗಾಗಿ ಮೇಲ್ಮನವಿ ನಿಲ್ಲುತ್ತದೆ, ಅದು ಇತ್ಯರ್ಥವಾಗುವ ತನಕ ಮೇಲ್ಮನವಿ ಕೋರ್ಟೇ ನೇರವಾಗಿ ಲಿಂಡ್‌ಗೆ ಮಧ್ಯಂತರ ಆದೇಶ ಕೊಡಬಹುದು. 1789ರಷ್ಟು ಹಳೆಯ ಕಾಯಿದೆಯೊಂದು ಕೋರ್ಟುಗಳಿಗೆ ತಮ್ಮ ಅಧಿಕಾರ ರಕ್ಷಣೆಗೆ ಬೇಕಾದ ಆಜ್ಞೆ ಹೊರಡಿಸುವ ಶಕ್ತಿ ಕೊಟ್ಟಿತ್ತು. ಮೂಲೆ ಸೇರಿದ್ದ ಆ ಶಕ್ತಿಯನ್ನು ಟಟಲ್ ಬಳಕೆಗೆ ತಂದರು. ಕೇಳಲು ಒಣ ಕಾರ್ಯವಿಧಾನದ ಸಂಗತಿ. ಆದರೆ ದಕ್ಷಿಣದ ಆರು ರಾಜ್ಯಗಳಲ್ಲಿ ವಿಳಂಬದ ಕೋಟೆಗೆ ಬಿದ್ದ ಮೊದಲ ದೊಡ್ಡ ಬಿರುಕು ಇದು. ಲಿಂಡ್ ಆದೇಶ ಪಾಲಿಸಲಿಲ್ಲ. ಮುಂದಿನ ವರ್ಷ ಫಿಫ್ತ್ ಸರ್ಕ್ಯೂಟ್ ಆತನನ್ನು ನ್ಯಾಯಾಂಗ ನಿಂದನೆಯ ಅಪರಾಧಿ ಎಂದಿತು.

ಅದೇ 1962ರ ಜುಲೈ. ಜಾರ್ಜಿಯಾದ ಆಲ್ಬನಿಯಲ್ಲಿ ಮಾರ್ಟಿನ್ ಲೂಥರ್ ಕಿಂಗ್ ಮೆರವಣಿಗೆಗಳಿಗೆ ನ್ಯಾಯಾಧೀಶ ರಾಬರ್ಟ್ ಎಲಿಯಟ್ ತಡೆಯೊಡ್ಡಿದರು. ಫೆಡರಲ್ ಕೋರ್ಟುಗಳೇ ತಮ್ಮ ಆಸರೆ ಎಂದು ನಂಬಿದ್ದ ಕಿಂಗ್ ಆ ಆದೇಶಕ್ಕೆ ತಲೆಬಾಗಿದರು. ಚಳವಳಿ ನಿಂತ ನೀರಾಗುವುದರಲ್ಲಿತ್ತು. ಜುಲೈ 24ರಂದು ಟಟಲ್ ಅದನ್ನು ರದ್ದು ಮಾಡಿದರು: ಈ ಆದೇಶ ಕೊಡುವ ಅಧಿಕಾರವೇ ಎಲಿಯಟ್‌ಗೆ ಇರಲಿಲ್ಲ.

ಇವೆಲ್ಲಕ್ಕಿಂತ ನನ್ನ ಮನಸ್ಸಿನಲ್ಲಿ ಊರಿರುವುದು 1963ರ ಮೇ 22. ಆ ತಿಂಗಳ ಆರಂಭದಲ್ಲಿ ಅಲಬಾಮಾದ ಬರ್ಮಿಂಗ್‌ಹ್ಯಾಮಿನಲ್ಲಿ ವರ್ಣಭೇದದ ವಿರುದ್ಧ ಕಪ್ಪು ಶಾಲಾ ಮಕ್ಕಳು ಬೀದಿಗಿಳಿದಿದ್ದರು. ಅವರ ಮೇಲೆ ನಗರದ ಪೊಲೀಸ್ ಮೇಲಧಿಕಾರಿ ಬುಲ್ ಕಾನರ್ ಕಡೆಯ ಪೊಲೀಸರು ನಾಯಿಗಳನ್ನು ಛೂ ಬಿಟ್ಟದ್ದು, ಬೆಂಕಿ ಆರಿಸುವ ನೀರಿನ ಪೈಪು ತಿರುಗಿಸಿದ್ದು ಜಗತ್ತಿನ ಪತ್ರಿಕೆಗಳಲ್ಲೆಲ್ಲ ಬಂತು. ಮೇ 10ರಂದು ವರ್ತಕರೊಂದಿಗೆ ಒಪ್ಪಂದವಾಗಿ ಊರು ಸ್ವಲ್ಪ ಉಸಿರಾಡುತ್ತಿತ್ತು. ಆಗ, ಮೇ 20ರಂದು, ನಗರದ ಶಿಕ್ಷಣ ಮಂಡಳಿ ಮೆರವಣಿಗೆಯಲ್ಲಿ ಬಂಧನಕ್ಕೊಳಗಾದ 1,081 ಮಕ್ಕಳನ್ನು ಒಂದೇಟಿಗೆ ಶಾಲೆಯಿಂದ ಹೊರಹಾಕಿತು. ವರ್ಷ ಮುಗಿಯಲು ಕೆಲವೇ ದಿನ ಬಾಕಿ. ಕೊನೆಯ ತರಗತಿಯಲ್ಲಿದ್ದವರಿಗೆ ಪದವಿ ಪತ್ರ ತಪ್ಪುತ್ತಿತ್ತು, ಉಳಿದವರಿಗೆ ಇಡೀ ಅವಧಿ ನಷ್ಟ. ಹೊರಬಿದ್ದವರಲ್ಲಿ ಪಾದ್ರಿ ಕ್ಯಾಲ್ವಿನ್ ವುಡ್ಸ್ ಅವರ ಪುಟ್ಟ ಮಗಳೂ ಇದ್ದಳು. ಕೇಸು ಅವಳ ಹೆಸರಿನಲ್ಲೇ ದಾಖಲಾಯಿತು. ಎದುರುಗಡೆ ಶಾಲಾ ಮುಖ್ಯಾಧಿಕಾರಿ ರೈಟ್.

ಶಾಲೆಗಳನ್ನೇ ಬಹಿಷ್ಕರಿಸೋಣ ಎಂದು ಚಳವಳಿಯ ಕೆಲವರು ಕುದಿಯುತ್ತಿದ್ದರು. ಕಿಂಗ್ ಅವರನ್ನು ತಡೆದು ಕೋರ್ಟಿಗೆ ಹೋಗೋಣ ಎಂದರು. ಮತ್ತೆ ಮಾಟ್ಲಿ ಬಂದರು. ಮೇ 22ರಂದು ಬರ್ಮಿಂಗ್‌ಹ್ಯಾಮಿನ ಫೆಡರಲ್ ನ್ಯಾಯಾಧೀಶ ಕ್ಲಾರೆನ್ಸ್ ಆಲ್‌ಗುಡ್ ಮಂಡಳಿಯ ಕ್ರಮದಲ್ಲಿ ಕೈಹಾಕಲು ಒಪ್ಪಲಿಲ್ಲ. ಮಾಟ್ಲಿ ಅಟ್ಲಾಂಟಾಕ್ಕೆ ಹೊರಟರು. ತಾತ್ಕಾಲಿಕ ಆದೇಶ ನಿರಾಕರಿಸಿದ್ದರ ಮೇಲೆ ಸಾಮಾನ್ಯವಾಗಿ ಮೇಲ್ಮನವಿ ಇಲ್ಲ ಎಂಬುದು ನಿಯಮ. ಟಟಲ್ ಕೇಳಿದ್ದು ಬೇರೆ ಪ್ರಶ್ನೆ: ಆ ನಿಯಮ ಹಿಡಿದು ಕೂತರೆ ಈ ಮಕ್ಕಳಿಗೆ ಮುಂದೆ ಕೊಡಲು ಏನು ಉಳಿದಿರುತ್ತದೆ? ಅಂದೇ ಸಂಜೆ ವಾದ ಕೇಳಿ, ಎಲ್ಲ ಮಕ್ಕಳನ್ನೂ ತಕ್ಷಣ ಶಾಲೆಗೆ ಸೇರಿಸಿಕೊಳ್ಳಿ ಎಂದು ಆದೇಶ ಕೊಟ್ಟರು. ತಮ್ಮ ಪಾಲನೆಗೆ ಒಪ್ಪಿಸಿದ ಮಕ್ಕಳ ಶಿಕ್ಷಣದ ಹೊಣೆ ಹೊತ್ತ ಮಂಡಳಿಯೇ ಇಷ್ಟೊಂದು ಮಕ್ಕಳ ಒಂದು ಅವಧಿಯ ಓದನ್ನು ಮಣ್ಣುಪಾಲು ಮಾಡಲು ಹೊರಟದ್ದು ಆಘಾತಕಾರಿ ಎಂದರು. ಬೆಳಿಗ್ಗೆ ಶಾಲೆಯಿಂದ ಹೊರಗಿದ್ದ ಮಕ್ಕಳು ರಾತ್ರಿ ಮಲಗುವ ಹೊತ್ತಿಗೆ ಮತ್ತೆ ವಿದ್ಯಾರ್ಥಿಗಳಾಗಿದ್ದರು.

ಈ ಕೆಲಸ ಟಟಲ್ ಒಬ್ಬರದ್ದೇ ಅಲ್ಲ. ನ್ಯೂ ಆರ್ಲಿಯನ್ಸಿನ ಜಾನ್ ಮೈನರ್ ವಿಸ್ಡಮ್, ಹ್ಯೂಸ್ಟನ್ನಿನ ಜಾನ್ ಬ್ರೌನ್, ಅಲಬಾಮಾದ ಮಾಂಟ್ಗಮರಿಯ ರಿಚರ್ಡ್ ರೀವ್ಸ್ ಜೊತೆಗಿದ್ದರು. ಕಪ್ಪು ವಿದ್ಯಾರ್ಥಿ ಜೇಮ್ಸ್ ಮೆರೆಡಿತ್ ಮಿಸಿಸಿಪ್ಪಿ ವಿಶ್ವವಿದ್ಯಾಲಯ ಸೇರಲು ದಾರಿ ಮಾಡಿದ 1962ರ ತೀರ್ಪು ವಿಸ್ಡಮ್ ಅವರದ್ದು. ಮಾಂಟ್ಗಮರಿಯ ಬಸ್ಸುಗಳಲ್ಲಿ ಬಣ್ಣದ ಸೀಟು ಕೊನೆಗಾಣಿಸಿದ 1956ರ ಪೀಠದಲ್ಲಿ ರೀವ್ಸ್ ಇದ್ದರು. ಇದಕ್ಕೆಲ್ಲ ಅವರು ತೆತ್ತ ಬೆಲೆ ಸಣ್ಣದಲ್ಲ. ರೀವ್ಸ್ ಅಪಘಾತದಲ್ಲಿ ತೀರಿಕೊಂಡ ತಮ್ಮ ಮಗನ ಸಮಾಧಿ ಹೊಲಸಾಗಿದ್ದನ್ನು ಕಂಡರು. ವಿಸ್ಡಮ್ ಮನೆಯ ನಾಯಿಗಳಿಗೆ ವಿಷ ಹಾಕಿದರು. ಹಳೆಯ ಗೆಳೆಯರು ರಸ್ತೆಯ ಆಚೆ ಬದಿಗೆ ದಾಟಿಹೋಗುತ್ತಿದ್ದರು.

ವಿರೋಧ ಒಳಗಿನಿಂದಲೂ ಬಂತು. ಅದೇ ಕೋರ್ಟಿನ ನ್ಯಾಯಾಧೀಶ, ಮಿಸಿಸಿಪ್ಪಿಯ ಬೆನ್ ಕ್ಯಾಮರಾನ್ ಮೆರೆಡಿತ್ ಪ್ರಕರಣದಲ್ಲಿ ಒಂದರ ಮೇಲೊಂದು ನಾಲ್ಕು ಸಲ ತಡೆಯಾಜ್ಞೆ ಕೊಟ್ಟರು. ಕೊನೆಗೆ ಸುಪ್ರೀಂ ಕೋರ್ಟಿನ ಹ್ಯೂಗೋ ಬ್ಲ್ಯಾಕ್ ಅವನ್ನು ಕಿತ್ತುಹಾಕಬೇಕಾಯಿತು. 1963ರಲ್ಲಿ ಕ್ಯಾಮರಾನ್ ತಮ್ಮ ಭಿನ್ನಮತದಲ್ಲಿ ಟಟಲ್, ವಿಸ್ಡಮ್, ಬ್ರೌನ್, ರೀವ್ಸ್ ಅವರನ್ನು 'ಆ ನಾಲ್ವರು' ಎಂದು ಕರೆದು, ವರ್ಣಭೇದದ ಕೇಸುಗಳಿಗೆ ಇವರೇ ಬಹುಮತದಲ್ಲಿರುವಂತೆ ಪೀಠ ರಚನೆಯಾಗುತ್ತಿದೆ ಎಂದು ಬಹಿರಂಗವಾಗಿ ಆರೋಪಿಸಿದರು. ಬೈಗುಳವಾಗಿ ಹುಟ್ಟಿದ ಆ ಹೆಸರು ಇತಿಹಾಸದಲ್ಲಿ ಬಿರುದಾಗಿ ಉಳಿಯಿತು. ಆರೋಪವನ್ನು ಮಾತ್ರ ಹಗುರವಾಗಿ ತಳ್ಳಿಹಾಕಲು ಮನಸ್ಸು ಬರುವುದಿಲ್ಲ. ಯಾವ ಕೇಸು ಯಾವ ಪೀಠಕ್ಕೆ ಎಂಬುದು ನ್ಯಾಯಾಂಗದ ಮರ್ಮಸ್ಥಾನ, ಅದು ನಮ್ಮ ದೇಶದಲ್ಲೂ ಎದ್ದ ಪ್ರಶ್ನೆ. ಒಳ್ಳೆಯ ಉದ್ದೇಶಕ್ಕೆ ಪೀಠ ಜೋಡಿಸುವ ಅಭ್ಯಾಸ ನಾಳೆ ಕೆಟ್ಟ ಉದ್ದೇಶಕ್ಕೂ ಸಿಗುತ್ತದೆ. ಆದರೂ ಈ ನಾಲ್ವರ ತೀರ್ಪುಗಳು ಪೀಠದ ಬಲದಿಂದ ಮಾತ್ರ ನಿಂತವಲ್ಲ. ಸುಪ್ರೀಂ ಕೋರ್ಟು ಅವರ ದಾರಿಯನ್ನು ಪದೇ ಪದೇ ಎತ್ತಿಹಿಡಿಯಿತು.

ಟಟಲ್ ಒಂಟಿಯಾದ ಸಂದರ್ಭಗಳೂ ಇದನ್ನೇ ಹೇಳುತ್ತವೆ. ಜಾರ್ಜಿಯಾದ ಸಂಸತ್ ಕ್ಷೇತ್ರಗಳಲ್ಲಿ ಜನಸಂಖ್ಯೆಯ ಭಾರೀ ಅಂತರವಿತ್ತು. ಅಟ್ಲಾಂಟಾದವನ ಮತಕ್ಕೆ ಹಳ್ಳಿಯವನ ಮತದ ಅರ್ಧದಷ್ಟೂ ತೂಕವಿರಲಿಲ್ಲ. ಇದರಲ್ಲಿ ಕೋರ್ಟು ತಲೆಹಾಕಬಾರದು ಎಂದು ಪೀಠದ ಇಬ್ಬರು ಹೇಳಿದಾಗ ಟಟಲ್ ಭಿನ್ನಮತ ಬರೆದರು. 1964ರಲ್ಲಿ ಸುಪ್ರೀಂ ಕೋರ್ಟು ಅವರ ಕಡೆಗೇ ಬಂತು. 1966ರಲ್ಲಿ ಜೂಲಿಯನ್ ಬಾಂಡ್ ಎಂಬ ಕಪ್ಪು ಯುವಕ ಚುನಾವಣೆ ಗೆದ್ದರೂ, ವಿಯೆಟ್ನಾಂ ಯುದ್ಧದ ವಿರುದ್ಧದ ಹೇಳಿಕೆಯನ್ನು ಬೆಂಬಲಿಸಿದ ಕಾರಣಕ್ಕೆ ಜಾರ್ಜಿಯಾ ಶಾಸನಸಭೆ ಆತನಿಗೆ ಪ್ರಮಾಣವಚನ ಕೊಡಿಸಲಿಲ್ಲ. ಇಬ್ಬರು ನ್ಯಾಯಾಧೀಶರು ಸಭೆಯ ಪರ, ಟಟಲ್ ಒಬ್ಬರೇ ಬಾಂಡ್ ಪರ. ಯುದ್ಧದಲ್ಲಿ ಗಾಯಗೊಂಡ ಸೈನಿಕ ಯುದ್ಧವಿರೋಧಿಯ ಸ್ಥಾನವನ್ನು ಎತ್ತಿಹಿಡಿದದ್ದು ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ. ಆ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಒಮ್ಮತದಿಂದ ಬಾಂಡ್ ಪರ ತೀರ್ಪು ಕೊಟ್ಟಿತು.

ಹೋಟೆಲುಗಳ ವಿಷಯವನ್ನೂ ಹೇಳಬೇಕು. 1964ರ ಜುಲೈ 2ರಂದು ನಾಗರಿಕ ಹಕ್ಕುಗಳ ಕಾಯಿದೆಗೆ ಸಹಿ ಬಿತ್ತು. ಅಟ್ಲಾಂಟಾದ ಹಾರ್ಟ್ ಆಫ್ ಅಟ್ಲಾಂಟಾ ಮೋಟೆಲ್ ಕಪ್ಪು ಅತಿಥಿಗಳಿಗೆ ಕೋಣೆ ಕೊಡಲಾರೆನೆಂದು ಕೂಡಲೇ ಕೋರ್ಟಿಗೆ ಹೋಯಿತು. ಟಟಲ್ ಇದ್ದ ತ್ರಿಸದಸ್ಯ ಪೀಠ ಕಾಯಿದೆಯನ್ನು ಎತ್ತಿಹಿಡಿದದ್ದು ಜುಲೈ 22ರಂದು, ಅಂದರೆ ಮೂರು ವಾರದೊಳಗೆ. ಡಿಸೆಂಬರ್ 14ಕ್ಕೆ ಸುಪ್ರೀಂ ಕೋರ್ಟೂ ಅದನ್ನೇ ಹೇಳಿತು.

1967ರಲ್ಲಿ ಟಟಲ್ ಮುಖ್ಯ ನ್ಯಾಯಾಧೀಶ ಸ್ಥಾನ ಬಿಟ್ಟರು, ಮರುವರ್ಷ ಹಿರಿಯ ನ್ಯಾಯಾಧೀಶರಾದರು. ಅಮೆರಿಕದಲ್ಲಿ ಹಿರಿಯರಾಗುವುದೆಂದರೆ ಮನೆಗೆ ಹೋಗುವುದಲ್ಲ, ಇಷ್ಟವಿದ್ದಷ್ಟು ಕೇಸು ಕೇಳುವುದು. ಅವರು ದಶಕಗಳ ಕಾಲ ಕೇಳುತ್ತಲೇ ಇದ್ದರು. 1981ರ ಜನವರಿಯಲ್ಲಿ ಅಧ್ಯಕ್ಷ ಜಿಮ್ಮಿ ಕಾರ್ಟರ್, ಅವರೂ ಜಾರ್ಜಿಯಾದವರೇ, ತಮ್ಮ ಅಧಿಕಾರದ ಕೊನೆಯ ದಿನಗಳಲ್ಲಿ ಟಟಲ್‌ಗೆ ದೇಶದ ಅತ್ಯುನ್ನತ ನಾಗರಿಕ ಗೌರವವಾದ ಸ್ವಾತಂತ್ರ್ಯ ಪದಕ ಕೊಟ್ಟರು. ಆ ವರ್ಷವೇ ಹಳೆಯ ಫಿಫ್ತ್ ಸರ್ಕ್ಯೂಟ್ ಒಡೆದು ಅಲಬಾಮಾ, ಜಾರ್ಜಿಯಾ, ಫ್ಲಾರಿಡಾಗಳಿಗೆ ಅಟ್ಲಾಂಟಾದಲ್ಲಿ ಇಲೆವೆಂತ್ ಸರ್ಕ್ಯೂಟ್ ಹುಟ್ಟಿತು. ಅದರ ಕಟ್ಟಡಕ್ಕೆ ಈಗ ಟಟಲ್ ಹೆಸರಿದೆ. 1996ರ ಜೂನ್ 23ರಂದು, 98ನೇ ವಯಸ್ಸಿನಲ್ಲಿ, ಅವರು ತೀರಿಕೊಂಡರು.

ಒಂದು ದಿನವನ್ನೂ ಕಳೆಯದೆ ಅವರು ಬಾಗಿಲು ತೆರೆಸಿದವರು ಮುಂದೆ ಏನಾದರು? ಹ್ಯಾಮಿಲ್ಟನ್ ಹೋಮ್ಸ್ ಮೂಳೆ ಶಸ್ತ್ರಚಿಕಿತ್ಸಕರಾದರು. ಎಮರಿ ವಿಶ್ವವಿದ್ಯಾಲಯದ ವೈದ್ಯಕೀಯ ಕಾಲೇಜು ಸೇರಿದ ಮೊದಲ ಕಪ್ಪು ವಿದ್ಯಾರ್ಥಿ ಅವರೇ. ಶಾರ್ಲೇನ್ ಹಂಟರ್ ಗಾಲ್ಟ್ ದೇಶದ ಪ್ರಮುಖ ಪತ್ರಕರ್ತೆಯರಲ್ಲಿ ಒಬ್ಬರಾದರು. ಓಡೋಡಿ ಬರುತ್ತಿದ್ದ ವಕೀಲೆ ಮಾಟ್ಲಿ 1966ರಲ್ಲಿ ಅಮೆರಿಕದ ಮೊದಲ ಕಪ್ಪು ಮಹಿಳಾ ಫೆಡರಲ್ ನ್ಯಾಯಾಧೀಶೆಯಾದರು.

ನಮ್ಮಲ್ಲಿ ಕಾನೂನು ಓದುವ ಹುಡುಗ ಹುಡುಗಿಯರಿಗೆ ಬ್ರೌನ್ ತೀರ್ಪು ಗೊತ್ತಿರುತ್ತದೆ, ಪರೀಕ್ಷೆಯಲ್ಲಿ ಅದು ಬರುತ್ತದೆ. ಅವರು ಜಾನ್ ಡೌನರ್ ಪ್ರಕರಣವನ್ನೂ ವುಡ್ಸ್ ವಿರುದ್ಧ ರೈಟ್ ಪ್ರಕರಣವನ್ನೂ ಒಮ್ಮೆ ತೆಗೆದು, ಒಂದರ ಪಕ್ಕ ಒಂದಿಟ್ಟು ಓದಲಿ. ಓದುವಾಗ ಕಾನೂನಿನ ವಾದಗಳಷ್ಟೇ ಗಮನವನ್ನು ತಾರೀಕುಗಳಿಗೂ ಕೊಡಲಿ.